ಖಿನ್ನತೆಯಿಂದ ಚೇತರಿಸಿಕೊಂಡವರು ಪುಸ್ತಕ ಬರೆದು ಸಂಸ್ಥೆ ಕಟ್ಟಬಹುದೇ?

ಪ್ರಶ್ನೆ: ನನಗೆ 34 ವರ್ಷ. ಸಾಫ್ಟ್‌ವೇರ್ ಕಂಪನಿಯೊಂದರಲ್ಲಿ ತಂಡದ ಮುಖ್ಯಸ್ಥೆಯಾಗಿದ್ದೇನೆ. ಮೂರು ವರ್ಷಗಳ ಹಿಂದೆ ತೀವ್ರ ಖಿನ್ನತೆಗೆ ಒಳಗಾಗಿದ್ದೆ. ಚಿಕಿತ್ಸೆಯಿಂದ ಚೇತರಿಸಿಕೊಂಡಿದ್ದೇನೆ, ಈಗಲೂ ಔಷಧಿ ತೆಗೆದುಕೊಳ್ಳುತ್ತಿದ್ದೇನೆ. ಆ ದಿನಗಳ ಬಗ್ಗೆ ಪುಸ್ತಕ ಬರೆಯುತ್ತಿದ್ದೇನೆ, ಅರ್ಧ ಮುಗಿದಿದೆ. ಜೊತೆಗೆ ನನ್ನಂಥವರಿಗಾಗಿ ಒಂದು ಆ್ಯಪ್ ಮಾಡಿ ಸಂಸ್ಥೆ ಕಟ್ಟುವ ಆಸೆ ಇದೆ. ವೈದ್ಯೆಯಲ್ಲದ ನನಗೆ ಇದರ ಹಕ್ಕಿದೆಯೇ? ಪುಸ್ತಕ ಮೊದಲೋ, ಸಂಸ್ಥೆ ಮೊದಲೋ? ಇದರಿಂದ ಬದುಕು ನಡೆಯುತ್ತದೆಯೇ? ಮುಂದಿನ ತಿಂಗಳು ರಾಜೀನಾಮೆ ಕೊಡಬೇಕೆಂದಿದ್ದೇನೆ.

ಉತ್ತರ: ಹಕ್ಕಿನ ಪ್ರಶ್ನೆಯನ್ನು ಮೊದಲು ಮುಗಿಸಿಬಿಡುತ್ತೇನೆ. ಖಂಡಿತ ಇದೆ. ಮಾನಸಿಕ ಆರೋಗ್ಯಕ್ಕಾಗಿ ಸಂಘಟಿತವಾಗಿ ದುಡಿಯುವ ಸಂಸ್ಥೆಗಳ ಪರಂಪರೆ ಬೆಳೆದದ್ದೇ ವೈದ್ಯನಲ್ಲದ, ರೋಗಿಯಾಗಿದ್ದ ಒಬ್ಬ ಮನುಷ್ಯನಿಂದ. ಅಮೆರಿಕದ ಕ್ಲಿಫರ್ಡ್ ಬಿಯರ್ಸ್ ಯೇಲ್ ವಿಶ್ವವಿದ್ಯಾಲಯದಲ್ಲಿ ಓದಿ ಕೆಲಸಕ್ಕೆ ಸೇರಿದ್ದ ತರುಣ. 1900ರಲ್ಲಿ ಆತ್ಮಹತ್ಯೆಗೆ ಯತ್ನಿಸಿ ಬದುಕುಳಿದ. ಆಮೇಲೆ ಮೂರು ಆಸ್ಪತ್ರೆಗಳಲ್ಲಿ ಕಳೆದ ದಿನಗಳಲ್ಲಿ ಅವನು ಏಟು ತಿಂದ, ಕೈಕಾಲು ಆಡದಂತೆ ಬಿಗಿದ ಅಂಗಿಯೊಳಗೆ ರಾತ್ರಿಗಳನ್ನು ಕಳೆದ. ಹೊರಬಂದು 1908ರಲ್ಲಿ ತನ್ನ ಅನುಭವವನ್ನು ಪುಸ್ತಕವಾಗಿ ಪ್ರಕಟಿಸಿದ. ಅದೇ ವರ್ಷ ಕನೆಕ್ಟಿಕಟ್ ರಾಜ್ಯದಲ್ಲಿ ಒಂದು ಸಂಘ ಕಟ್ಟಿದ, ಮರುವರ್ಷ ಅದನ್ನು ರಾಷ್ಟ್ರಮಟ್ಟಕ್ಕೆ ಒಯ್ದ. ನೀವು ಇಂದು ಮಾಡಬೇಕೆಂದಿರುವ ಎರಡೂ ಕೆಲಸಗಳನ್ನು ಅವನು ನೂರು ವರ್ಷಗಳ ಹಿಂದೆಯೇ ಒಟ್ಟಿಗೆ ಮಾಡಿದ್ದ.

ಆದರೆ ಬಿಯರ್ಸ್‌ನ ಬದುಕಿನಲ್ಲಿ ಹೆಚ್ಚು ಜನ ಗಮನಿಸದ ಎರಡು ಸಂಗತಿಗಳಿವೆ. ನಿಮಗೆ ಬೇಕಾದವು ಅವೇ. ಪುಸ್ತಕ ಬರೆಯಬೇಕೆಂಬ ಹುಮ್ಮಸ್ಸು ಅವನಿಗೆ ಮೊದಲು ಬಂದದ್ದು 1905ರ ಆರಂಭದಲ್ಲಿ. ನಿದ್ದೆಗೆಟ್ಟು, ಉಕ್ಕಿ ಉಕ್ಕಿ ಬರೆಯತೊಡಗಿದ. ಆ ಉಕ್ಕು ಬರೀ ಉತ್ಸಾಹವಲ್ಲ, ಕಾಯಿಲೆಯ ಇನ್ನೊಂದು ಮುಖ ಎಂದು ಮನೆಯವರು ಗುರುತಿಸಿದರು. ಅವನೂ ಒಪ್ಪಿ ತಾನಾಗಿಯೇ ಮತ್ತೆ ಆಸ್ಪತ್ರೆ ಸೇರಿದ. ಶಾಂತನಾಗಿ ಹೊರಬಂದ ಮೇಲೆ ಬರೆದದ್ದು ಪುಸ್ತಕವಾಯಿತು. ಎರಡನೆಯದು, ಹಸ್ತಪ್ರತಿಯನ್ನು ನೇರವಾಗಿ ಅಚ್ಚಿಗೆ ಕೊಡಲಿಲ್ಲ. ತತ್ತ್ವಜ್ಞಾನಿ, ಮನಃಶಾಸ್ತ್ರಜ್ಞ ವಿಲಿಯಂ ಜೇಮ್ಸ್ ಅವರಿಗೆ ಓದಲು ಕಳುಹಿಸಿದ. ಮನೋವೈದ್ಯ ಅಡಾಲ್ಫ್ ಮೈಯರ್ ಅವರ ಕೈಗೂ ಕೊಟ್ಟ. ತನ್ನನ್ನು ನೋಯಿಸಿದ ವ್ಯವಸ್ಥೆಗೇ ಸೇರಿದ ಒಬ್ಬ ವೈದ್ಯರ ಮುಂದೆ ತನ್ನ ಬರಹವನ್ನಿಟ್ಟು ಅವರ ತಿದ್ದುಪಡಿಗೆ ಕಿವಿಗೊಟ್ಟ. ಸಿಟ್ಟಿನ ಪುಸ್ತಕ ಹೀಗೆ ಸುಧಾರಣೆಯ ಪುಸ್ತಕವಾಯಿತು.

ಈ ಮಾತನ್ನು ನಿಮಗೆ ಯಾಕೆ ಇಷ್ಟು ಒತ್ತಿ ಹೇಳುತ್ತಿದ್ದೇನೆಂದರೆ, ಇಪ್ಪತ್ತಕ್ಕೂ ಹೆಚ್ಚು ವರ್ಷಗಳ ನನ್ನ ಆಪ್ತಸಮಾಲೋಚನೆಯ ವೃತ್ತಿಯಲ್ಲಿ ಇಂಥ ಕನಸು ಹೊತ್ತು ಬಂದವರನ್ನು ಹತ್ತಿರದಿಂದ ನೋಡಿದ್ದೇನೆ. ಅವರಲ್ಲಿ ಎಡವಿದವರ ಕಥೆ ಬಹುಮಟ್ಟಿಗೆ ಒಂದೇ. ಅನುಭವವೇ ಬಂಡವಾಳ ಎಂದು ನಂಬಿ, ಆ ಬಂಡವಾಳವನ್ನು ದಿನವೂ ಖರ್ಚು ಮಾಡುತ್ತ ಹೋದರು. ಪುಸ್ತಕದಲ್ಲಿ ಅದೇ ಕಥೆ, ವೇದಿಕೆಯಲ್ಲಿ ಅದೇ ಕಥೆ, ಹೂಡಿಕೆದಾರರ ಮುಂದೆಯೂ ಅದೇ ಕಥೆ. ತಮ್ಮ ಬದುಕಿನ ಅತ್ಯಂತ ಕೆಟ್ಟ ವಾರವನ್ನು ತಿಂಗಳಿಗೆ ಹತ್ತು ಸಲ ಅಪರಿಚಿತರ ಮುಂದೆ ಬಿಚ್ಚಿಡುವುದೇ ಕೆಲಸವಾದಾಗ, ಗಾಯ ಮಾಯುವುದಕ್ಕೆ ಬಿಡುವೇ ಸಿಗುವುದಿಲ್ಲ. ನಿಮ್ಮ ಕಥೆಗೆ ಬಾಗಿಲು ತೆರೆಸುವ ಶಕ್ತಿ ಇದೆ, ಅದನ್ನು ನಾನು ಅಲ್ಲಗಳೆಯುವುದಿಲ್ಲ. ಒಳಗೆ ಬಂದವರಿಗೆ ನೀವು ಕೊಡುವುದು ಮಾತ್ರ ಬೇರೆಯೇ ಆಗಿರಬೇಕು. ನೀವು ಮಲಗಿದ್ದಾಗಲೂ ನಡೆಯುವ, ಬೇರೊಬ್ಬರು ಪರೀಕ್ಷಿಸಿ ನೋಡಿದ ಕೆಲಸ ಅದು.

ಅಂಥ ಕೆಲಸ ಹೇಗಿರುತ್ತದೆ ಎಂಬುದಕ್ಕೆ ನನಗೆ ಪ್ರಿಯವಾದ ಉದಾಹರಣೆ ಆಸ್ಟ್ರೇಲಿಯಾದ ಬೆಟ್ಟಿ ಕಿಚನರ್ ಮತ್ತು ಟೋನಿ ಜಾರ್ಮ್ ದಂಪತಿಯದು. ಬೆಟ್ಟಿ ನರ್ಸ್, ಜನರಿಗೆ ತರಬೇತಿ ಕೊಡುತ್ತಿದ್ದವರು, ಸ್ವತಃ ಖಿನ್ನತೆಯನ್ನು ಅನುಭವಿಸಿದವರು. ಟೋನಿ ಸಂಶೋಧಕರು. ರಕ್ತ ಸೋರುತ್ತಿದ್ದರೆ ಏನು ಮಾಡಬೇಕೆಂದು ಪ್ರಥಮ ಚಿಕಿತ್ಸೆಯ ತರಗತಿಯಲ್ಲಿ ಹೇಳಿಕೊಡುತ್ತಾರೆ. ಪಕ್ಕದಲ್ಲಿ ಕುಳಿತವರು ಹೆದರಿ ನಡುಗುತ್ತಿದ್ದರೆ, ಸಾಯಬೇಕೆನಿಸುತ್ತಿದೆ ಎಂದು ಹೇಳಿದರೆ ಏನು ಮಾಡಬೇಕೆಂದು ಯಾರೂ ಹೇಳಿಕೊಡುವುದಿಲ್ಲವಲ್ಲ ಎಂಬುದು ಅವರ ಮಾತುಕತೆಯಲ್ಲಿ ಹೊಳೆದ ವಿಚಾರ. 2000ದಲ್ಲಿ ಕೆಲವೇ ಗಂಟೆಗಳ ಒಂದು ಸಣ್ಣ ತರಬೇತಿಯಾಗಿ ಅದು ಶುರುವಾಯಿತು. ಅನುಭವ ಒಬ್ಬರದು, ಅಳೆದು ನೋಡುವ ಹಟ ಇನ್ನೊಬ್ಬರದು. ತರಬೇತಿ ಪಡೆದವರಲ್ಲಿ ನಿಜಕ್ಕೂ ಬದಲಾವಣೆ ಆಗಿದೆಯೇ ಎಂದು ಮೊದಲಿನಿಂದಲೇ ಪರೀಕ್ಷಿಸುತ್ತ ಬಂದರು. ಇಂದು ಅದು ಹಲವಾರು ದೇಶಗಳಲ್ಲಿ ನಡೆಯುತ್ತಿದೆ. ಬೆಟ್ಟಿಯವರ ಕಾಯಿಲೆಯ ವಿವರ ಗೊತ್ತಿಲ್ಲದವರೂ ಆ ತರಬೇತಿಯಿಂದ ಪೂರ್ಣ ಪ್ರಯೋಜನ ಪಡೆಯುತ್ತಾರೆ.

ಹಾಗಾದರೆ ಪುಸ್ತಕ ಮೊದಲೋ, ಸಂಸ್ಥೆ ಮೊದಲೋ? ಎರಡೂ ದಾರಿಗಳಲ್ಲಿ ನಡೆದವರಿದ್ದಾರೆ. ಬಿಯರ್ಸ್‌ಗೆ ಪುಸ್ತಕ ಮೊದಲಾಯಿತು. ಜಿಂಬಾಬ್ವೆಯ ಮನೋವೈದ್ಯ ಡಿಕ್ಸನ್ ಚಿಬಾಂಡಾ ಅವರದು ತದ್ವಿರುದ್ಧ. ಬಸ್ಸಿನ ಖರ್ಚಿಗೆ ಹಣವಿಲ್ಲದೆ ಆಸ್ಪತ್ರೆಗೆ ಬರಲಾಗದ ತಮ್ಮ ಯುವ ರೋಗಿಯೊಬ್ಬಳು ಆತ್ಮಹತ್ಯೆ ಮಾಡಿಕೊಂಡದ್ದು ಅವರನ್ನು ಅಲುಗಾಡಿಸಿತು. ರೋಗಿ ಆಸ್ಪತ್ರೆಗೆ ಬರಲಾರಳಾದರೆ ಆರೈಕೆಯೇ ಅವಳಿದ್ದಲ್ಲಿಗೆ ಹೋಗಬೇಕು ಎಂದುಕೊಂಡರು. ಕೈಯಲ್ಲಿ ಹಣವಿಲ್ಲ, ನರ್ಸ್‌ಗಳಿಗೆ ಬಿಡುವಿಲ್ಲ. ಸಿಕ್ಕವರು ಹರಾರೆಯ ಎಂಬಾರೆ ಬಡಾವಣೆಯಲ್ಲಿ ಆರೋಗ್ಯ ಕಾರ್ಯಕರ್ತೆಯರಾಗಿದ್ದ ಹದಿನಾಲ್ಕು ಅಜ್ಜಿಯರು. ಚಿಕಿತ್ಸಾ ಕೇಂದ್ರದ ಅಂಗಳದಲ್ಲಿ ಒಂದು ಮರದ ಬೆಂಚು, ಅದರ ಮೇಲೆ ಒಬ್ಬ ಅಜ್ಜಿ, ಎದುರಿಗೆ ಮನಸ್ಸು ಭಾರವಾದ ಒಬ್ಬರು. ಅಜ್ಜಿಯರಿಗೆ ಕಲಿಸಿದ್ದು, ಸಮಸ್ಯೆಗಳನ್ನು ಒಂದೊಂದಾಗಿ ಎತ್ತಿಕೊಂಡು ಬಗೆಹರಿಸಲು ನೆರವಾಗುವ ಒಂದು ಸರಳ ಚಿಕಿತ್ಸಾ ಕ್ರಮ. ‘ಮಾನಸಿಕ ಆರೋಗ್ಯದ ಬೆಂಚು’ ಎಂದು ವೈದ್ಯರು ಹೆಸರಿಟ್ಟಾಗ ಯಾರೂ ಕೂರಲು ಬರಲಿಲ್ಲ. ಅಜ್ಜಿಯರ ಸಲಹೆಯಂತೆ ಅದು ‘ಸ್ನೇಹದ ಬೆಂಚು’ ಆಯಿತು, ಜನ ಬಂದರು. 2016ರಲ್ಲಿ 573 ಜನರನ್ನು ಒಳಗೊಂಡ ಪ್ರಯೋಗದ ಫಲಿತಾಂಶ ಹೆಸರಾಂತ ವೈದ್ಯಕೀಯ ಪತ್ರಿಕೆಯಲ್ಲಿ ಪ್ರಕಟವಾಯಿತು: ಆರು ತಿಂಗಳ ನಂತರ, ಬೆಂಚಿನ ನೆರವು ಪಡೆದವರಲ್ಲಿ ರೋಗಲಕ್ಷಣಗಳು ಉಳಿದವರಿಗಿಂತ ಗಣನೀಯವಾಗಿ ಕಡಿಮೆ ಇದ್ದವು. ಚಿಬಾಂಡಾ ಈ ಕುರಿತು ಪುಸ್ತಕ ಬರೆದದ್ದು ಬಹಳ ವರ್ಷಗಳ ಬಳಿಕ.

ಅರ್ಧ ಬರೆದಿಟ್ಟಿರುವ ನಿಮಗೆ ನನ್ನ ಸಲಹೆ ಹೀಗಿದೆ: ಪುಸ್ತಕವನ್ನು ಬರೆದು ಮುಗಿಸಿ, ಆದರೆ ಪ್ರಕಟಣೆಗೆ ಅವಸರ ಮಾಡಬೇಡಿ. ಸಂಸ್ಥೆಯ ಜಾಹೀರಾತಿಗೆಂದು ಹೊರತಂದ ಆತ್ಮಕಥನಗಳನ್ನು ಓದಿದರೆ ಗೊತ್ತಾಗುತ್ತದೆ. ಕೊನೆಯ ಅಧ್ಯಾಯದಲ್ಲಿ ಎಲ್ಲವೂ ಗುಣವಾಗಿರಲೇಬೇಕು, ಯಾಕೆಂದರೆ ಅದರ ಮುಂದಿನ ಪುಟದಲ್ಲಿ ಸಂಸ್ಥೆಯ ವಿಳಾಸವಿದೆ. ನೀವು ಈಗಲೂ ಔಷಧಿ ತೆಗೆದುಕೊಳ್ಳುತ್ತಿದ್ದೇನೆ ಎಂದು ಸಂಕೋಚವಿಲ್ಲದೆ ಬರೆದಿದ್ದೀರಿ. ಆ ವಾಕ್ಯ ನಿಮ್ಮ ಪುಸ್ತಕದಲ್ಲೂ ಇರಲಿ. ಔಷಧಿ ತೆಗೆದುಕೊಳ್ಳುತ್ತಲೇ ಕೆಲಸ ಮಾಡುವ, ನಗುವ, ಜಗಳವಾಡುವ ಒಬ್ಬ ಮನುಷ್ಯಳನ್ನು ಓದುಗರು ಕಾಣಬೇಕು.

ಬರವಣಿಗೆಯ ಬಗ್ಗೆ ಇನ್ನೂ ಸ್ವಲ್ಪ ಹೇಳಬೇಕು. ತನಗಾಗಿ ಬರೆಯುವುದು ಬೇರೆ, ಓದುಗರಿಗಾಗಿ ಬರೆಯುವುದು ಬೇರೆ. ಅಮೆರಿಕದ ಮನಃಶಾಸ್ತ್ರಜ್ಞ ಜೇಮ್ಸ್ ಪೆನ್ನೆಬೇಕರ್ 1980ರ ದಶಕದಲ್ಲಿ ಒಂದು ಪ್ರಯೋಗ ಮಾಡಿದರು. ವಿದ್ಯಾರ್ಥಿಗಳು ತಮ್ಮ ಬದುಕಿನ ಆಳವಾದ ನೋವಿನ ಬಗ್ಗೆ ದಿನಕ್ಕೆ 15 ನಿಮಿಷ, ಸತತ ನಾಲ್ಕು ದಿನ ಬರೆದರು. ಬರೆದ ತಕ್ಷಣ ಮನಸ್ಸು ಇನ್ನಷ್ಟು ಕುಗ್ಗಿತು, ಆದರೆ ಮುಂದಿನ ತಿಂಗಳುಗಳಲ್ಲಿ ಅವರು ವೈದ್ಯರ ಬಳಿ ಹೋಗುವುದು ಕಡಿಮೆಯಾಯಿತು. ಆ ಬರಹ ಓದುಗರಿಗಾಗಿ ಬರೆದದ್ದಲ್ಲ ಎಂಬುದನ್ನು ನೆನಪಿಡಿ. ನಿಮ್ಮ ಅರ್ಧ ಹಸ್ತಪ್ರತಿಯಲ್ಲಿ ಒಂದಷ್ಟು ಪುಟಗಳು ಈ ಜಾತಿಯವು, ಬರೆದು ಹಗುರಾಗಲೆಂದೇ ಬಂದವು. ಅವನ್ನು ಬೇರೆ ಕಡತದಲ್ಲಿಡಿ.

ಕೆಲವು ವರ್ಷಗಳ ಹಿಂದೆ ಒಬ್ಬ ಲೇಖಕ ತನ್ನ ಹಸ್ತಪ್ರತಿಯನ್ನು ನನಗೆ ಓದಲು ಕೊಟ್ಟಿದ್ದ. ಮೂರನೆಯ ಅಧ್ಯಾಯ ಪೂರ್ತಿ ಅವನ ತಂಗಿಯ ಕಾಯಿಲೆಯ ಬಗ್ಗೆ ಇತ್ತು, ಬಹಳ ಚೆನ್ನಾಗಿ ಬರೆದಿದ್ದ. ‘ಅವಳು ಇದನ್ನು ಓದಿದ್ದಾಳಾ?’ ಎಂದು ಅಂಚಿನಲ್ಲಿ ಪೆನ್ಸಿಲ್‌ನಲ್ಲಿ ಬರೆದು ಹಿಂದಿರುಗಿಸಿದೆ. ಎರಡು ವಾರ ಸುದ್ದಿಯಿಲ್ಲ. ಆಮೇಲೆ ಬಂದಾಗ ಅಧ್ಯಾಯ ನಾಲ್ಕು ಪುಟಕ್ಕೆ ಇಳಿದಿತ್ತು. ತಂಗಿ ತಾನೇ ಕುಳಿತು ಹೊಡೆದುಹಾಕಿದ್ದಳು. ಒಂದು ಸಾಲನ್ನು ಮಾತ್ರ ತನ್ನ ಕೈಬರಹದಲ್ಲಿ ಸೇರಿಸಿದ್ದಳು: ಆ ರಾತ್ರಿ ತನಗೆ ನೆನಪಿರುವುದು ಅಣ್ಣ ಹೇಳಿದ ಮಾತುಗಳಲ್ಲ, ಅವನು ಬಾಗಿಲ ಹೊರಗೆ ಕುಳಿತು ಕೆಮ್ಮುತ್ತಿದ್ದ ಸದ್ದು ಎಂದು. ಅಣ್ಣ ಬರೆದ ಮೂವತ್ತು ಪುಟಗಳಲ್ಲಿ ಆ ಸಾಲು ಇರಲಿಲ್ಲ, ಇರಲು ಸಾಧ್ಯವೂ ಇರಲಿಲ್ಲ. ನಿಮ್ಮ ಪುಸ್ತಕದಲ್ಲಿ ಬರುವ ಗಂಡ, ತಾಯಿ, ಗೆಳತಿ, ಹಳೆಯ ಮೇಲಧಿಕಾರಿ ಯಾರೇ ಇರಲಿ, ಅವರ ಕಥೆ ನಿಮ್ಮ ಸ್ವತ್ತಲ್ಲ. ಕೇಳಿ, ಓದಿಸಿ, ಬೇಡವೆಂದರೆ ಬಿಟ್ಟುಬಿಡಿ.

ಆತ್ಮಹತ್ಯೆಯ ಯೋಚನೆ ನಿಮಗೆ ಬಂದಿತ್ತೋ ಇಲ್ಲವೋ ನೀವು ಬರೆದಿಲ್ಲ. ಬಂದಿದ್ದರೆ, ಅದನ್ನು ಬಚ್ಚಿಡಬೇಡಿ. ಆದರೆ ವಿಧಾನವನ್ನು, ಸ್ಥಳವನ್ನು ಎಂದಿಗೂ ವಿವರಿಸಬೇಡಿ. ಇದು ನಾಜೂಕಿನ ಪ್ರಶ್ನೆಯಲ್ಲ, ಜೀವದ ಪ್ರಶ್ನೆ. ಪತ್ರಿಕೆಗಳ ಮುಖಪುಟದಲ್ಲಿ ಆತ್ಮಹತ್ಯೆಯ ಸುದ್ದಿ ದೊಡ್ಡದಾಗಿ ಬಂದ ಮೇಲೆ ಆತ್ಮಹತ್ಯೆಗಳು ಏರುತ್ತವೆ ಎಂದು ಸಮಾಜಶಾಸ್ತ್ರಜ್ಞ ಡೇವಿಡ್ ಫಿಲಿಪ್ಸ್ 1974ರಲ್ಲೇ ತೋರಿಸಿದರು. 2010ರಲ್ಲಿ ಆಸ್ಟ್ರಿಯಾದ ಸಂಶೋಧಕರು ಇದರ ಇನ್ನೊಂದು ಬದಿಯನ್ನು ಗುರುತಿಸಿದರು. ಸಾಯುವ ಯೋಚನೆಯಲ್ಲಿದ್ದವರು ಆ ಗಳಿಗೆಯನ್ನು ಹೇಗೆ ದಾಟಿದರು ಎಂಬ ವರದಿಗಳು ಬಂದಾಗ ಆತ್ಮಹತ್ಯೆಗಳು ಕಡಿಮೆಯಾಗುವುದು ಕಂಡುಬಂತು. ಆದ್ದರಿಂದ ನಿಮ್ಮ ಗಮನವೆಲ್ಲ ದಾಟಿದ ಬಗೆಯ ಮೇಲಿರಲಿ. ಯಾರಿಗೆ ಫೋನ್ ಮಾಡಿದಿರಿ, ಮೊದಲ ವಾಕ್ಯ ಏನು ಹೇಳಿದಿರಿ, ವೈದ್ಯರ ಕೋಣೆಯ ಹೊರಗೆ ಕಾಯುತ್ತಿದ್ದಾಗ ಎದ್ದು ಹೋಗದಂತೆ ತಡೆದದ್ದು ಯಾವುದು, ಇಂಥ ವಿವರಗಳು ಯಾರನ್ನೋ ಉಳಿಸಬಲ್ಲವು.

ಪುಸ್ತಕ ಹೊರಬಂದ ದಿನದಿಂದ ಪತ್ರಗಳು ಬರತೊಡಗುತ್ತವೆ. ಇದಕ್ಕೆ ಯಾವ ಪ್ರಕಾಶಕರೂ ಲೇಖಕರನ್ನು ಸಿದ್ಧಪಡಿಸುವುದಿಲ್ಲ. ನನ್ನ ಬಳಿ ಬರುತ್ತಿದ್ದ ಒಬ್ಬ ಲೇಖಕಿ ತಮ್ಮ ಮೊಬೈಲ್ ತೆರೆದು ತೋರಿಸಿದ್ದು ಈಗಲೂ ಕಣ್ಣ ಮುಂದಿದೆ. ರಾತ್ರಿ ಎರಡು ಗಂಟೆ ಹತ್ತು ನಿಮಿಷಕ್ಕೆ ಬಂದ ಸಂದೇಶ: ‘ನಿಮ್ಮ ಪುಸ್ತಕ ಓದಿ ಮುಗಿಸಿದೆ. ನೀವೊಬ್ಬರೇ ನನ್ನನ್ನು ಅರ್ಥ ಮಾಡಿಕೊಳ್ಳಬಲ್ಲವರು. ಎಚ್ಚರವಾಗಿದ್ದೀರಾ?’ ಅವರು ಎಚ್ಚರವಾಗಿರಲಿಲ್ಲ. ಬೆಳಿಗ್ಗೆ ಏಳಕ್ಕೆ ನೋಡಿ, ಆ ಐದು ಗಂಟೆಗಳ ಅಂತರಕ್ಕೆ ತಾವೇ ಹೊಣೆ ಎಂದುಕೊಂಡರು. ಸಂದೇಶ ಕಳುಹಿಸಿದವರು ಸುರಕ್ಷಿತವಾಗಿದ್ದರು. ಆದರೆ ಲೇಖಕಿಯ ನಿದ್ದೆ ಹೋಯಿತು. ಮೊಬೈಲನ್ನು ದಿಂಬಿನ ಪಕ್ಕದಲ್ಲಿಟ್ಟು ಮಲಗತೊಡಗಿದರು, ಮೂರು ತಿಂಗಳಲ್ಲಿ ಮತ್ತೆ ಖಿನ್ನತೆಗೆ ಜಾರಿದರು. ಅದಕ್ಕೇ ಹೇಳುತ್ತೇನೆ, ಪ್ರಕಟಣೆಗೆ ಮೊದಲೇ ಏರ್ಪಾಡು ಆಗಿರಬೇಕು: ಓದುಗರ ಪತ್ರಗಳಿಗೆ ನಿಮ್ಮ ಸ್ವಂತ ಸಂಖ್ಯೆಯಲ್ಲದ ಪ್ರತ್ಯೇಕ ವಿಳಾಸ, ತಕ್ಷಣ ಹೋಗುವ ಒಂದು ಸ್ವಯಂಚಾಲಿತ ಉತ್ತರ, ಅದರಲ್ಲಿ ಸಹಾಯವಾಣಿಗಳ ವಿವರ, ನೀವು ಚಿಕಿತ್ಸಕರಲ್ಲ ಎಂಬ ಸ್ಪಷ್ಟ ಮಾತು. ಓದಲು ವಾರದಲ್ಲಿ ಎರಡು ನಿಗದಿತ ಹಗಲು ಹೊತ್ತು ಇಟ್ಟುಕೊಳ್ಳಿ. ಇದನ್ನು ಕಲ್ಲೆದೆ ಎಂದು ಯಾರಾದರೂ ಅಂದರೆ ಅನ್ನಲಿ.

ಈಗ ಹಣದ ಮಾತು. ಪುಸ್ತಕದ ಗೌರವಧನದಿಂದ ಸಂಸಾರ ತೂಗಿಸುವ ಲೇಖಕರು ಯಾವ ದೇಶದಲ್ಲೂ ಬೆರಳೆಣಿಕೆಯಷ್ಟು. ಆ ಲೆಕ್ಕವನ್ನು ಬದಿಗಿಡಿ. ಬಹುಪಾಲು ಲೇಖಕ-ಉದ್ಯಮಿಗಳ ನಿಜವಾದ ಆದಾಯ ಉಪನ್ಯಾಸ, ಸಂಸ್ಥೆಗಳಿಗೆ ತರಬೇತಿ, ಸಲಹೆ ಇವುಗಳಿಂದ ಬರುತ್ತದೆ.

ಆ್ಯಪ್‌ನ ಬಗ್ಗೆ ನಿಮ್ಮ ಉತ್ಸಾಹಕ್ಕೆ ತಣ್ಣೀರೆರಚುವ ಇಚ್ಛೆ ನನಗಿಲ್ಲ, ಆದರೂ ಕೆಲವು ಸಂಗತಿಗಳನ್ನು ತಿಳಿದುಕೊಂಡೇ ಹೆಜ್ಜೆಯಿಡಿ. 2019ರಲ್ಲಿ ಪ್ರಕಟವಾದ ಒಂದು ಅಧ್ಯಯನ ಮಾನಸಿಕ ಆರೋಗ್ಯದ 93 ಆ್ಯಪ್‌ಗಳ ನಿಜವಾದ ಬಳಕೆಯನ್ನು ಅಳೆಯಿತು. ಹಾಕಿಕೊಂಡು 30 ದಿನಗಳಾದ ಮೇಲೂ ತೆರೆದು ನೋಡುತ್ತಿದ್ದವರ ಮಧ್ಯಮ ಪ್ರಮಾಣ ಶೇ 3.3. ಖಿನ್ನತೆ ಎಂದರೇನೆಂದು ಬಲ್ಲ ನಿಮಗೆ ಇದು ಆಶ್ಚರ್ಯವಾಗಬಾರದು. ಹಲ್ಲುಜ್ಜುವುದೇ ಬೆಟ್ಟವಾದ ದಿನ ಯಾರು ಆ್ಯಪ್ ತೆರೆದು ಮನಸ್ಥಿತಿಗೆ ಅಂಕ ಕೊಡುತ್ತಾರೆ? ಚಂದಾ ಹಣದ ಮೇಲೆ ನಿಂತ ಸೇವೆಯಲ್ಲಿ ಇನ್ನೊಂದು ತೊಡಕಿದೆ. ಗುಣವಾದವರು ಚಂದಾ ನಿಲ್ಲಿಸುತ್ತಾರೆ. ಹೂಡಿಕೆದಾರರಿಗೆ ಅದು ನಷ್ಟದ ಅಂಕಿ, ನಿಮಗೆ ಅದು ಸಂತೋಷದ ಸುದ್ದಿಯಾಗಬೇಕು. ಎರಡನ್ನೂ ಒಂದೇ ಲೆಕ್ಕಪುಸ್ತಕದಲ್ಲಿ ಹೊಂದಿಸುವುದು ಹೇಗೆಂದು ಹಣ ತೆಗೆದುಕೊಳ್ಳುವ ಮೊದಲೇ, ಹೂಡಿಕೆದಾರರ ಎದುರಲ್ಲೇ ಮಾತಾಡಿ ತೀರ್ಮಾನಿಸಿ.

ಕಂಪನಿಗಳು ತಮ್ಮ ನೌಕರರಿಗಾಗಿ ಹಣ ಕೊಡುತ್ತವೆ ಎಂಬುದು ನಿಜ, ಅಲ್ಲಿ ಹಣವೂ ಹೆಚ್ಚು. ಆದರೆ ಆಕ್ಸ್‌ಫರ್ಡ್ ವಿಶ್ವವಿದ್ಯಾಲಯದ ವಿಲಿಯಂ ಫ್ಲೆಮಿಂಗ್ 2024ರಲ್ಲಿ ಪ್ರಕಟಿಸಿದ ಅಧ್ಯಯನ 233 ಸಂಸ್ಥೆಗಳ 46 ಸಾವಿರಕ್ಕೂ ಹೆಚ್ಚು ನೌಕರರ ಮಾಹಿತಿಯನ್ನು ಪರಿಶೀಲಿಸಿತು. ಧ್ಯಾನದ ಆ್ಯಪ್, ಒತ್ತಡ ನಿರ್ವಹಣೆಯ ತರಗತಿ ಮುಂತಾದವುಗಳಲ್ಲಿ ಪಾಲ್ಗೊಂಡವರು ಪಾಲ್ಗೊಳ್ಳದವರಿಗಿಂತ ಹೆಚ್ಚು ನೆಮ್ಮದಿಯಾಗಿರಲಿಲ್ಲ. ಹನ್ನೆರಡು ಗಂಟೆ ದುಡಿಸಿ ಹತ್ತು ನಿಮಿಷ ಧ್ಯಾನ ಮಾಡಿಸಿದರೆ ಏನಾದೀತು? ನೀವು ಒಂದು ತಂಡವನ್ನು ನಡೆಸಿದವರು. ಕೆಲಸದ ಹಂಚಿಕೆ, ರಜೆ, ಮೇಲಧಿಕಾರಿಯ ಮಾತಿನ ಧಾಟಿ ಇವು ಮನಸ್ಸನ್ನು ಹೇಗೆ ಮುರಿಯುತ್ತವೆಂದು ಒಳಗಿನಿಂದ ಬಲ್ಲವರು. ಮೇಲಧಿಕಾರಿಗಳಿಗೆ ತರಬೇತಿ ಕೊಡುವ ಕೆಲಸ ನಿಮಗೆ ಆ್ಯಪ್‌ಗಿಂತ ಚೆನ್ನಾಗಿ ಒಗ್ಗುತ್ತದೆ ಎಂದು ನಿಮ್ಮ ಪತ್ರ ಓದಿದಾಗಲೇ ನನಗನ್ನಿಸಿತು.

ಇಷ್ಟಾದ ಮೇಲೂ ಆ್ಯಪ್ ಮಾಡಿಯೇ ತೀರುತ್ತೀರಾದರೆ ಗೌಪ್ಯತೆಯನ್ನು ಮೊದಲ ದಿನದ ಕೆಲಸವೆಂದು ತಿಳಿಯಿರಿ. ಆನ್‌ಲೈನ್ ಸಮಾಲೋಚನೆಯ ದೊಡ್ಡ ಕಂಪನಿ ಬೆಟರ್‌ಹೆಲ್ಪ್, ಗುಟ್ಟಾಗಿಡುತ್ತೇವೆಂದು ಹೇಳಿ ಪಡೆದ ಮಾಹಿತಿಯನ್ನು ಜಾಹೀರಾತಿಗಾಗಿ ಫೇಸ್‌ಬುಕ್, ಸ್ನ್ಯಾಪ್‌ಚಾಟ್‌ನಂಥ ಕಂಪನಿಗಳೊಂದಿಗೆ ಹಂಚಿಕೊಂಡಿತು ಎಂದು ಅಮೆರಿಕದ ಫೆಡರಲ್ ಟ್ರೇಡ್ ಕಮಿಷನ್ ಆರೋಪಿಸಿತು. 2023ರಲ್ಲಿ ಕಂಪನಿ ತಪ್ಪೊಪ್ಪಿಕೊಳ್ಳದೆ 78 ಲಕ್ಷ ಡಾಲರ್ ಕೊಟ್ಟು ರಾಜಿ ಮಾಡಿಕೊಂಡಿತು. ಫಿನ್‌ಲೆಂಡ್‌ನ ವಸ್ತಾಮೊ ಎಂಬ ಸಮಾಲೋಚನಾ ಸಂಸ್ಥೆಯ ಕಥೆ ಇನ್ನೂ ಘೋರ. ಸರಿಯಾಗಿ ಭದ್ರಪಡಿಸದೆ ಇಟ್ಟಿದ್ದ ದಾಖಲೆಗಳು ಕಳುವಾದವು. 2020ರಲ್ಲಿ ಸಾವಿರಾರು ರೋಗಿಗಳಿಗೆ ನೇರವಾಗಿ ಬೆದರಿಕೆಯ ಇ-ಮೇಲ್ ಬಂತು: ಹಣ ಕೊಡಿ, ಇಲ್ಲವಾದರೆ ನೀವು ಸಮಾಲೋಚಕರ ಬಳಿ ಹೇಳಿಕೊಂಡದ್ದನ್ನು ಬಯಲು ಮಾಡುತ್ತೇವೆ ಎಂದು. ಮರುವರ್ಷ ಸಂಸ್ಥೆ ದಿವಾಳಿಯಾಯಿತು. ಸಂಗ್ರಹಿಸದ ಮಾಹಿತಿ ಕಳುವಾಗುವುದಿಲ್ಲ. ಬಳಕೆದಾರರ ಹೆಸರು ನಿಮಗೆ ನಿಜಕ್ಕೂ ಬೇಕೇ, ಹುಟ್ಟಿದ ದಿನಾಂಕ ಬೇಕೇ ಎಂದು ಪ್ರತಿ ಖಾಲಿ ಜಾಗದ ಮುಂದೆಯೂ ಕೇಳಿಕೊಳ್ಳಿ.

ಮನುಷ್ಯರ ಬದಲು ಚಾಟ್‌ಬಾಟ್ ಕೂರಿಸುವ ಯೋಚನೆಯೂ ಬರಬಹುದು, ಖರ್ಚು ಕಡಿಮೆ ನೋಡಿ. 2023ರಲ್ಲಿ ಅಮೆರಿಕದಲ್ಲಿ ಆಹಾರ ಸೇವನೆಯ ತೊಂದರೆಗಳಿರುವವರಿಗಾಗಿ ದುಡಿಯುವ ಸಂಘವೊಂದು ‘ಟೆಸ್ಸಾ’ ಎಂಬ ಚಾಟ್‌ಬಾಟನ್ನು ಹಿಂತೆಗೆದುಕೊಳ್ಳಬೇಕಾಯಿತು. ನೆರವು ಕೇಳಿ ಬಂದವರಿಗೆ ಅದು ತೂಕ ಇಳಿಸುವ ಸಲಹೆ ಕೊಟ್ಟಿತ್ತು. ಆ ಕಾಯಿಲೆಯವರಿಗೆ ಅದು ವಿಷವಿದ್ದಂತೆ.

ಇನ್ನು ನಿಮ್ಮ ಬಗ್ಗೆ. ಅಮೆರಿಕದ ಮನೋವೈದ್ಯ ಮೈಕೆಲ್ ಫ್ರೀಮನ್ ಮತ್ತು ಸಂಗಡಿಗರು ಉದ್ಯಮಿಗಳ ಸಮೀಕ್ಷೆ ಮಾಡಿದಾಗ, ಶೇ 49 ಜನ ಬದುಕಿನಲ್ಲಿ ಒಮ್ಮೆಯಾದರೂ ಮಾನಸಿಕ ತೊಂದರೆ ಅನುಭವಿಸಿದ್ದಾಗಿ ಹೇಳಿದ್ದರು. ಸಣ್ಣ ಸಮೀಕ್ಷೆ ಅದು, ಕಾರಣ-ಪರಿಣಾಮವನ್ನು ಅದರಿಂದ ಹೇಳಲಾಗದು. ಆದರೂ ನಿದ್ದೆಗೆಡುವ ರಾತ್ರಿ, ಸಂಬಳ ಕೊಡಲಾಗದ ತಿಂಗಳು, ಜೊತೆಗಾರರೊಡನೆ ಮನಸ್ತಾಪ ಇವೆಲ್ಲ ಉದ್ಯಮದ ನಿತ್ಯದ ಸಂಗತಿಗಳು. ಖಿನ್ನತೆ ಮರುಕಳಿಸಲು ಇವು ಸಾಕು. ಬಿಯರ್ಸ್ ಕೂಡ 1939ರಲ್ಲಿ ಮತ್ತೆ ಮಾನಸಿಕ ಆಸ್ಪತ್ರೆ ಸೇರಿದ, 1943ರಲ್ಲಿ ಅಲ್ಲೇ ತೀರಿಕೊಂಡ. ಕೆಲವರು ಇದನ್ನು ಸೋಲೆಂಬಂತೆ ಮುಚ್ಚಿಡುತ್ತಾರೆ. ನನಗೆ ಹಾಗನ್ನಿಸುವುದಿಲ್ಲ. ಅವನು ಹಾಸಿಗೆ ಹಿಡಿದಾಗಲೂ ಅವನು ಕಟ್ಟಿದ ಸಂಸ್ಥೆ ನಡೆಯುತ್ತಿತ್ತು.

ಆದ್ದರಿಂದ ರಾಜೀನಾಮೆ ಮುಂದಿನ ತಿಂಗಳು ಬೇಡ. ಮೊದಲು ನಿಮ್ಮ ವೈದ್ಯರಿಗೆ ಈ ಯೋಜನೆಯನ್ನು ಪೂರ್ತಿಯಾಗಿ ಹೇಳಿ; ಉತ್ಸಾಹ ಮತ್ತು ಕಾಯಿಲೆಯ ಉಕ್ಕಿನ ನಡುವಿನ ವ್ಯತ್ಯಾಸ ಅವರಿಗೆ ಕಾಣುತ್ತದೆ. ಕೆಲಸದಲ್ಲಿದ್ದುಕೊಂಡೇ ವಾರಾಂತ್ಯಗಳಲ್ಲಿ ಮೇಲಧಿಕಾರಿಗಳ ಒಂದು ಸಣ್ಣ ಗುಂಪಿಗೆ ನಾಲ್ಕು ವಾರಗಳ ತರಬೇತಿ ನಡೆಸಿ ನೋಡಿ. ಜೊತೆಗೆ ಒಬ್ಬ ಅರ್ಹ ಮನಃಶಾಸ್ತ್ರಜ್ಞರಿರಲಿ, ನಿಮ್ಮ ಸ್ವಂತ ಕಥೆ ಹೇಳದೆಯೇ ನಡೆಸಿ. ಮೂರು ತಿಂಗಳ ಬಳಿಕ ಆ ಮೇಲಧಿಕಾರಿಗಳ ಕೈಕೆಳಗಿನವರನ್ನು ಕೇಳಿ, ಏನಾದರೂ ಬದಲಾಗಿದೆಯೇ ಎಂದು. ಆ ಉತ್ತರಗಳನ್ನು ನನಗೆ ಕಳುಹಿಸಿದರೆ ರಾಜೀನಾಮೆಯ ಬಗ್ಗೆ ಮತ್ತೆ ಮಾತಾಡೋಣ. ಅಷ್ಟರಲ್ಲಿ ಹಸ್ತಪ್ರತಿಯ ಮೊದಲ ಐವತ್ತು ಪುಟಗಳನ್ನು, ಅದರಲ್ಲಿ ಅತಿ ಹೆಚ್ಚು ಸಲ ಹೆಸರು ಬರುವ ಮನುಷ್ಯರಿಗೆ ಓದಲು ಕೊಡಿ.